ಲೀಲಮ್ಮನ ನಾಲಿಗೆ, ಭಟ್ಟರ ಉಪ್ಪು

ಮುಚ್ಚಳ ತೆಗೆಯಬೇಡಿ ಎಂದು ಹರ್ಷಿಣಿ ಹೇಳಿ ಹೋಗಿ ಅರ್ಧ ಗಂಟೆಯಾಗಿರಲಿಲ್ಲ, ಅಷ್ಟರಲ್ಲಿ ವಿಷ್ಣುಮೂರ್ತಿ ಮೂರು ಸಲ ತೆಗೆದು ನೋಡಿಯಾಗಿತ್ತು.

ನೋಡುವುದಕ್ಕೆ ಒಳಗೆ ಏನೂ ಇರಲಿಲ್ಲ. ಕಪ್ಪು ಪಿಂಗಾಣಿ ಪಾತ್ರೆಯಲ್ಲಿ ಕೆಂಪು ರಾಜ್ಮಾ ಕಾಳು, ಟೊಮೆಟೊ ಸಾಸು, ಬೆಲ್ಲ, ವಿನೆಗರ್, ಸಾಸಿವೆ, ಈರುಳ್ಳಿ, ಬೆಳ್ಳುಳ್ಳಿ ಎಲ್ಲ ಸೇರಿ ಕೆಸರಿನ ಹಾಗೆ ಬಿದ್ದುಕೊಂಡಿದ್ದವು. ಕುದಿಯ ಸದ್ದಿಲ್ಲ, ನೊರೆಯಿಲ್ಲ, ಮೂಗಿಗೆ ಹತ್ತುವಂಥ ಆವಿಯಿಲ್ಲ. ಹೊರಗಡೆ ಒಂದು ತಿರುಗಿಸುವ ಗುಂಡಿ, ಪಕ್ಕದಲ್ಲಿ ಒಂದು ಸಣ್ಣ ಕೆಂಪು ದೀಪ. ಆ ದೀಪ ಉರಿಯುತ್ತಿರುವುದೊಂದೇ ಒಳಗೆ ಅಡುಗೆ ನಡೆಯುತ್ತಿದೆ ಎಂಬುದಕ್ಕೆ ಸಾಕ್ಷಿ. ಮೂವತ್ತೇಳು ವರ್ಷ ಬೆಂಕಿಯ ಮುಂದೆ ನಿಂತವನಿಗೆ ಅಂಥ ಸಾಕ್ಷಿ ಹೇಗೆ ಸಾಲಬೇಕು?

ಸ್ಲೋ ಕುಕ್ಕರ್ ಎಂದು ಅದರ ಹೆಸರು. ಎಂಟು ಗಂಟೆ ಅದರ ಪಾಡಿಗೆ ಬಿಟ್ಟರೆ ತಾನೇ ಬೇಯಿಸುತ್ತದಂತೆ. ವಿಷ್ಣುಮೂರ್ತಿ ಒಲೆ ಒರೆಸಿದ. ಒರೆಸಿದ ಒಲೆಯನ್ನೇ ಮತ್ತೆ ಒರೆಸಿದ. ಸಾಂಬಾರಿನ ತರಕಾರಿ ಹೆಚ್ಚಿದ್ದು ಸರಿಯಿದ್ದರೂ ಸರಿಯಿಲ್ಲವೆಂದು ತಾನೇ ಕೂತು ನಾಲ್ಕು ಕುಂಬಳಕಾಯಿ ಹೋಳನ್ನು ಇನ್ನೂ ಸಣ್ಣಗೆ ಮಾಡಿದ. ಎದ್ದ. ನಾಲ್ಕನೆಯ ಸಲ ಮುಚ್ಚಳ ತೆಗೆದ.

ವಡಪಳನಿಯ ಮುರುಗನ್ ದೇವಸ್ಥಾನದಿಂದ ಎರಡು ಬೀದಿ ಆಚೆ, ಭೋಜರಾಜ ಶೆಟ್ಟರ ಹೋಟೆಲಿನ ಅಡುಗೆಮನೆ ಅದು. ವಿಷ್ಣುಮೂರ್ತಿ ಅಲ್ಲಿಗೆ ಸೇರಿ ಇಪ್ಪತ್ತೆರಡು ವರ್ಷ. ಸಾಲಿಗ್ರಾಮದ ಕಡೆಯಿಂದ ಹತ್ತೊಂಬತ್ತನೆಯ ವಯಸ್ಸಿಗೆ ಬಂದವನು ಮೊದಲು ಮದುವೆ ಅಡುಗೆಗೆ ಹೋದ. ಆಮೇಲೆ ಕೋಡಂಬಾಕ್ಕಂ ಸ್ಟುಡಿಯೋಗಳಿಗೆ ಶೂಟಿಂಗಿಗೆಂದು ಬರುತ್ತಿದ್ದ ಕಡೆಗಾಲದ ಕನ್ನಡ ಸಿನಿಮಾ ತಂಡಗಳಿಗೆ ಊಟ ಮಾಡಿ ಹಾಕಿದ. ಆ ತಂಡಗಳು ಬರುವುದು ನಿಂತ ಮೇಲೆ ಇಲ್ಲಿಗೆ ಬಂದ. ಇಷ್ಟು ವರ್ಷಗಳಲ್ಲಿ ಅವನು ತಾನು ಮಾಡಿದ ಅಡುಗೆಯನ್ನು ಒಲೆಯ ಮುಂದೆ ನಿಂತು ಒಂದು ಸಲವೂ ಬಾಯಿಗೆ ಇಟ್ಟು ನೋಡಿದವನಲ್ಲ.

ಅವನ ಮನೆತನದ ರೀತಿ ಅದು. ಅಡುಗೆ ಮೊದಲು ದೇವರಿಗೆ. ದೇವರಿಗಾದ ಮೇಲೂ ಅಡುಗೆ ಮಾಡುವ ಕೈ ಬಾಯಿಗೆ ಹೋಗಬಾರದು. ಹೋದರೆ ಕೈ ಎಂಜಲು, ಸೌಟು ಎಂಜಲು, ಹಂಡೆಯೇ ಎಂಜಲು. ಅಪ್ಪ ಉಪ್ಪನ್ನು ಆವಿಯ ವಾಸನೆಯಲ್ಲೇ ತಿಳಿಯುತ್ತಿದ್ದ, ಮಗನೂ ಅದನ್ನೇ ಕಲಿತ. ಹೋಟೆಲಿನಲ್ಲಿ ಈರುಳ್ಳಿ ಬೆಳ್ಳುಳ್ಳಿ ಹುರಿಯುತ್ತಾನೆ, ತಾನು ತಿನ್ನುವುದಿಲ್ಲ. ಮುಟ್ಟಬಹುದು, ಮೂಸಬಹುದು, ನಾಲಿಗೆಗೆ ಮಾತ್ರ ಇಡಬಾರದು.

ಆದರೆ ಇನ್ನೂರು ಜನರ ಸಾಂಬಾರಿನ ಉಪ್ಪು ಮೂಗಿನಿಂದಲೇ ನಿರ್ಧಾರವಾಗುತ್ತದೆ ಎಂದು ನಂಬಿದವರು ಗಿರಾಕಿಗಳು ಮಾತ್ರ. ನಿಜವಾಗಿ ನಿರ್ಧರಿಸುತ್ತಿದ್ದದ್ದು ಲೀಲಮ್ಮ.

ಲೀಲಮ್ಮ ಪಾತ್ರೆ ತೊಳೆಯುವವಳು. ಬಾರ್ಕೂರಿನ ಕಡೆಯವಳು. ಗಂಡ ಇದೇ ಹೋಟೆಲಿನಲ್ಲಿ ಸಪ್ಲೈಯರ್ ಆಗಿದ್ದ; ಅವನು ಹೋದ ಮೇಲೆ ಅವಳು ತೊಟ್ಟಿಯ ಹತ್ತಿರ ಬಂದು ನಿಂತಳು. ವಿಷ್ಣುಮೂರ್ತಿ ಸೇರಿದ ಮೊದಲನೆಯ ವಾರ, ತೊಳೆಯಲು ಬಂದ ಸೌಟನ್ನು ಸುಮ್ಮನೆ ನೆಕ್ಕಿ ನೋಡಿ, ಇದಕ್ಕೆ ಉಪ್ಪು ಎರಡು ಸಲ ಬಿದ್ದಿದೆ ಎಂದಿದ್ದಳು. ಹೋಗಿ ನೋಡಿದರೆ ಹೌದು. ಅಂದಿನಿಂದ ಯಾರೂ ಹೇಳದೆ, ಯಾರೂ ಒಪ್ಪದೆ ಒಂದು ಪದ್ಧತಿ ಬೆಳೆಯಿತು. ದೇವರ ಪಟದ ಮುಂದೆ ಒಂದು ಸೌಟು ಇಟ್ಟಾದ ಮೇಲೆ ಎರಡನೆಯ ಸೌಟು ಬಾಳೆಲೆಯ ದೊನ್ನೆಯಲ್ಲಿ ತೊಟ್ಟಿಯ ಕಟ್ಟೆಯ ಮೇಲೆ ಹೋಗುತ್ತದೆ. ಲೀಲಮ್ಮ ಕೈ ತೊಳೆದು, ಒರೆಸಿ, ತಿಂದು, ಬೆರಳೆತ್ತಿ ಹೇಳುತ್ತಾಳೆ: ಉಪ್ಪು ಒಂದು ಚಿಟಿಕೆ, ಹುಳಿ ಸಾಕು, ಇಂಗು ಮರೆತಿರಿ. ಭಟ್ಟರ ಕೈ ಶುದ್ಧವಾಗಿ ಉಳಿಯುತ್ತದೆ. ಊರವರು ಭಟ್ಟರ ಸಾಂಬಾರು ಎನ್ನುತ್ತಾರೆ. ಆ ಸಾಂಬಾರಿನ ಅರ್ಧ ಯಾರದ್ದೆಂದು ಇಪ್ಪತ್ತೆರಡು ವರ್ಷಗಳಲ್ಲಿ ಒಬ್ಬರೂ ಕೇಳಲಿಲ್ಲ. ಕೇಳಬೇಕೆಂದು ವಿಷ್ಣುಮೂರ್ತಿಗೂ ಹೊಳೆಯಲಿಲ್ಲ.

ಹರ್ಷಿಣಿ ಧಣಿಗಳ ಮಗಳು. ಹುಟ್ಟಿ ಬೆಳೆದದ್ದೆಲ್ಲ ಇಲ್ಲೇ; ಕನ್ನಡ ಅರ್ಥವಾಗುತ್ತದೆ, ಉತ್ತರ ಮಾತ್ರ ತಮಿಳು, ಇಂಗ್ಲಿಷ್ ಬೆರೆತೇ ಬರುತ್ತದೆ. ಕೇಟರಿಂಗ್ ಕೋರ್ಸ್ ಮುಗಿಸಿ ಬಂದವಳಿಗೆ ಇಡ್ಲಿ ಸಾಂಬಾರಿನ ಹೋಟೆಲು ಸಾಲದಾಗಿತ್ತು. ಅಣ್ಣಾ ನಗರದ ಒಂದು ಶಾಲೆಯವರು ಶನಿವಾರ ಸಂಜೆ ಮಕ್ಕಳಿಗೆ ದೇಶವಿದೇಶದ ತಿಂಡಿಯ ಹಬ್ಬ ಇಟ್ಟುಕೊಂಡಿದ್ದರು, ನೂರಿಪ್ಪತ್ತು ಮಕ್ಕಳು. ಅಮೆರಿಕದ ಮೇಜನ್ನು ನಾವು ವಹಿಸಿಕೊಳ್ಳುತ್ತೇವೆ ಎಂದು ಒಪ್ಪಿಕೊಂಡು ಬಂದಳು. ಸುಟ್ಟ ಬ್ರೆಡ್ಡಿನ ಮೇಲೆ ಬಾರ್ಬೆಕ್ಯೂ ಬೀನ್ಸು, ಅಂದರೆ ಕೆಂಡದ ಹೊಗೆ ಹತ್ತಿದ ಸಿಹಿಖಾರದ ಕಾಳು. ಮೂರು ದೊಡ್ಡ ಸ್ಲೋ ಕುಕ್ಕರ್ ತರಿಸಿದಳು. ಎಂಟು ಗಂಟೆ ಸಣ್ಣ ಶಾಖದಲ್ಲಿ ಬೆಂದದ್ದು ಎಂದು ಬ್ಯಾನರ್ ಬರೆಸಿದಳು. ಅಡುಗೆಗಿಂತ ಮೊದಲು ಬ್ಯಾನರ್ ತಯಾರಾಗುವ ಕಾಲ ಇದು.

ಅವಳು ಇಂಟರ್ನೆಟ್ಟಿನಿಂದ ಇಳಿಸಿಕೊಂಡ ಅಡುಗೆಯ ಚೀಟಿಯಲ್ಲಿದ್ದದ್ದು ಡಬ್ಬಿಯಲ್ಲಿ ಬರುವ ಬಿಳಿ ಬೀನ್ಸು. ಅಷ್ಟು ಡಬ್ಬಿ ಎಲ್ಲೂ ಸಿಗಲಿಲ್ಲ. ಬದಲಿಗೆ ಒಣ ರಾಜ್ಮಾದ ಚೀಲ ಬಂತು. ಡಬ್ಬಿಯೊಳಗಿನದು ಮೊದಲೇ ಬೆಂದ ಕಾಳು, ಚೀಲದೊಳಗಿನದು ಹಸಿ ಕಾಳು ಎಂಬುದು ಚೀಟಿ ಬರೆದವರಿಗೆ ಬರೆಯುವ ಅಗತ್ಯವಿರಲಿಲ್ಲ, ಓದಿದವಳಿಗೆ ಹೊಳೆಯಲಿಲ್ಲ.

ವಿಷ್ಣುಮೂರ್ತಿಗೆ ಹೊಳೆದಿತ್ತು. ಬುಧವಾರವೇ ಹೇಳಿದ್ದ.

"ಹುಳಿ, ಬೆಲ್ಲ ಬಿದ್ದ ಮೇಲೆ ಕಾಳು ಮತ್ತೆ ಬೇಯುದಿಲ್ಲ ಮಗಾ. ಮೊದಲು ಚೆನ್ನಾಗಿ ಕುದಿಸಿ, ಆ ನೀರು ಚೆಲ್ಲಿ, ಆಮೇಲೆ ಬೇಕಾದ್ರೆ ಇದಕ್ಕೆ ಹಾಕುವ."

"ಅಂಕಲ್, ಅಪ್ಪಡಿ ಇಲ್ಲೈ," ಎಂದಳು ಹರ್ಷಿಣಿ. "ಎಲ್ಲಾ ಒಟ್ಟಿಗೆ ಹಾಕಿ, ಲೋ ಮೇಲೆ ಇಟ್ಟು, ಬಿಟ್ಟುಡಣುಂ. ಅವಳೋದಾನ್."

ಹಾಗಲ್ಲ, ಸಣ್ಣ ಶಾಖಕ್ಕಿಟ್ಟು ಬಿಟ್ಟುಬಿಡಬೇಕು, ಅಷ್ಟೇ ಎಂಬುದು ಅವಳ ಮಾತು. ನೀರು ಚೆಲ್ಲಿದರೆ ಪ್ರೋಟೀನ್ ಹೋಗುತ್ತದೆ, ಬೇರೆ ಒಲೆಯಲ್ಲಿ ಕುದಿಸಿದರೆ ಬ್ಯಾನರ್ ಸುಳ್ಳಾಗುತ್ತದೆ ಎಂದೂ ಹೇಳಿದಳು. ವಿಷ್ಣುಮೂರ್ತಿ ಧಣಿಗಳ ಮುಖ ನೋಡಿದ. ಭೋಜರಾಜ ಶೆಟ್ಟರು ಗಲ್ಲಾಪೆಟ್ಟಿಗೆಯಿಂದ ತಲೆ ಎತ್ತದೆ, ಅವಳು ಕಲಿತು ಬಂದವಳು ಭಟ್ರೆ, ಹೇಳಿದ ಹಾಗೆ ಮಾಡಿ ಎಂದರು. ಅಲ್ಲಿಗೆ ಮುಗಿಯಿತು. ಮೂವತ್ತೇಳು ವರ್ಷದ ಕೈ ಒಂದು ಚೀಟಿಯ ಕೆಳಗೆ ಸುಮ್ಮನಾಯಿತು. ಗುರುವಾರ ಒಂದು ಪಾತ್ರೆಯಲ್ಲಿ ಮಾಡಿ ನೋಡುವುದು, ಶನಿವಾರ ಮೂರರಲ್ಲಿ ಮಾಡಿ ಕಳಿಸುವುದು ಎಂದಾಯಿತು.

ಹೀಗೆ ಆ ಗುರುವಾರ ಅವನು ಎಂಟು ಗಂಟೆ ಕಳೆಯಬೇಕಾಗಿತ್ತು, ಕಳೆಯಲಾರದೆ ಒದ್ದಾಡುತ್ತಿದ್ದ. ಊಟದ ಗಲಾಟೆಯ ನಡುವೆಯೂ ಕಣ್ಣು ಆ ಮೂಲೆಗೇ. ನಾಲ್ಕು ಹನಿ ಹಾಕಿ ಎಂದು ಹರ್ಷಿಣಿ ಒಂದು ಬಾಟ್ಲಿ ಕೊಟ್ಟಿದ್ದಳು. ಹೊಗೆಯ ವಾಸನೆಯ ನೀರಂತೆ. ಹೊಗೆಯನ್ನು ಹೊರಗೆ ಕಳಿಸಲಿಕ್ಕೆ ಜೀವಮಾನ ಚಿಮಣಿ ತಿಕ್ಕಿದವನು ಆ ಬಾಟ್ಲಿಯನ್ನು ತಿರುಗಿಸಿ ತಿರುಗಿಸಿ ನೋಡಿದ. ಪ್ರತಿ ಸಲ ಮುಚ್ಚಳ ತೆಗೆದಾಗಲೂ ಗಾಜಿನ ಮೇಲಿನ ಬೆವರು ಒಳಗೆ ಸುರಿಯುತ್ತಿತ್ತು, ಇದ್ದ ಒಂದಿಷ್ಟು ಬಿಸಿಯೂ ಹೊರಗೆ ಹೋಗುತ್ತಿತ್ತು. ಅದು ಅವನಿಗೂ ಗೊತ್ತಿತ್ತು. ಆದರೂ ಕೈ ಕೇಳಲಿಲ್ಲ. ನಾಲ್ಕು ಗಂಟೆಯ ಹೊತ್ತಿಗೆ ಹನ್ನೊಂದು ಸಲ ಆಗಿತ್ತು.

ನಾಲ್ಕೂವರೆಗೆ ಒಂದು ಕಾಳು ತೆಗೆದು ಬೆರಳ ನಡುವೆ ಹಿಸುಕಿದ. ಸಿಪ್ಪೆ ಜಾರಿತು, ಒಳಗೆ ಸುಣ್ಣದ ಹಾಗೆ ಗಟ್ಟಿ. ಆಗಿಲ್ಲ ಎಂದ. ಹರ್ಷಿಣಿಗೆ ಬೆಳಕು ಹೋಗುವ ಮೊದಲು ಫೋಟೋ ಬೇಕಿತ್ತು. ಅವಳು ಬ್ರೆಡ್ಡಿನ ತುಂಡನ್ನು ಸಾಸಿನಲ್ಲಿ ಅದ್ದಿ ತಿಂದು, ಸೂಪರ್ ಅಂಕಲ್ ಎಂದು, ಒಂದು ಬಟ್ಟಲು ತುಂಬಿಸಿಕೊಂಡು ಕಿಟಕಿಯ ಹತ್ತಿರ ಹೋದಳು.

ವಿಷ್ಣುಮೂರ್ತಿ ಎಂದಿನಂತೆ ದೊನ್ನೆಗೆ ಎರಡು ಸೌಟು ಹಾಕಿ ತೊಟ್ಟಿಯ ಕಟ್ಟೆಯ ಮೇಲಿಟ್ಟ. ಲೀಲಮ್ಮ ಮಧ್ಯಾಹ್ನ ಉಂಡಿರಲಿಲ್ಲ. ನಿಂತುಕೊಂಡೇ ತಿಂದಳು.

"ಉಪ್ಪು ಸರಿ ಉಂಟು. ಬೆಲ್ಲ ಸ್ವಲ್ಪ ಜಾಸ್ತಿ, ಪಾಯಸಕ್ಕೆ ದಾರಿ ತಪ್ಪಿದ ಹಾಗೆ ಆಗಿದೆ. ಕಾಳು ಹಲ್ಲಿಗೆ ಸಿಗ್ತದೆ ಭಟ್ರೆ."

ಹೌದು ಎಂದ ಅವನು. ಅವಳು ದೊನ್ನೆಯನ್ನು ಪೂರ್ತಿ ಖಾಲಿ ಮಾಡುವುದನ್ನು ನೋಡುತ್ತ ನಿಂತಿದ್ದ. ಬೆಂದಿಲ್ಲವೆಂದು ಬೆರಳಿನಿಂದ ತಿಳಿದವನು, ಸಾಕು ಬಿಡು, ತಿನ್ನಬೇಡ ಎಂಬ ಎರಡು ಮಾತು ಆಡಲಿಲ್ಲ.

ಏಳು ಗಂಟೆಗೆ ದೋಸೆಯ ಹೊತ್ತು. ತೊಟ್ಟಿಯ ಕಡೆ ಪಾತ್ರೆ ಬಿದ್ದ ಸದ್ದಾಯಿತು. ಲೀಲಮ್ಮ ಮೋರಿಯ ಪಕ್ಕ ಗೋಡೆ ಹಿಡಿದು ಕಕ್ಕುತ್ತಿದ್ದಳು. ನಿಂತಿತು ಎನ್ನುವಷ್ಟರಲ್ಲಿ ಮತ್ತೆ. ಆಮೇಲೆ ಹೊಟ್ಟೆ ಹಿಡಿದುಕೊಂಡು ನೆಲಕ್ಕೆ ಕೂತಳು. ಹಣೆಯ ಮೇಲೆ ತಣ್ಣನೆಯ ಬೆವರು. ಭೋಜರಾಜ ಶೆಟ್ಟರು ಬಂದು ನೋಡಿ, ಮನೆಯಲ್ಲಿ ಹಳಸಿದ್ದು ಏನೋ ತಿಂದಿರಬೇಕು ಎಂದರು. ಅವಳೂ ತಲೆಯಾಡಿಸಿದಳು, ಪಿತ್ತ, ಬೇರೆ ಏನಲ್ಲ ಎಂದಳು. ಆಟೋ ಬಂತು. ಅಡುಗೆಮನೆಯಲ್ಲಿ ತಪ್ಪಾದರೆ ಅದು ಯಾವಾಗಲೂ ತೊಳೆಯುವವರ ಹೊಟ್ಟೆಯ ತಪ್ಪು. ಅದನ್ನು ಮೊದಲು ಒಪ್ಪಿಕೊಳ್ಳಬೇಕಾದವರೂ ಅವರೇ.

ವಿಷ್ಣುಮೂರ್ತಿ ಅಂದು ಮಾತಾಡಲಿಲ್ಲ. ಮಾತಾಡಲು ಹೋದರೆ ಹರ್ಷಿಣಿ ಹೇಳಬಹುದಾದ ಉತ್ತರ ಅವನಿಗೆ ಆಗಲೇ ಗೊತ್ತಿತ್ತು: ಹನ್ನೊಂದು ಸಲ ಮುಚ್ಚಳ ತೆಗೆದವರು ಯಾರು? ಆ ಲೆಕ್ಕ ಅವನ ತಲೆಯಲ್ಲಿ ಗಡಿಯಾರದ ಹಾಗೆ ಹೊಡೆಯುತ್ತಿತ್ತು. ಚೀಟಿಯ ತಪ್ಪೋ, ನನ್ನ ಕೈಯ ತಪ್ಪೋ? ಕೋಡಂಬಾಕ್ಕಂನ ಮನೆಗೆ ನಡೆದೇ ಹೋದ. ಮನೆಯಲ್ಲಿ ಹೆಂಡತಿ ವಿಮಲಾ ತಟ್ಟೆ ಇಟ್ಟರೆ ಅನ್ನ ಕಲಸಿ ಕಲಸಿ ಎದ್ದ.

ಶುಕ್ರವಾರ ಲೀಲಮ್ಮ ಬರಲಿಲ್ಲ. ಸಾಂಬಾರು ಇಳಿಸಿ, ದೇವರಿಗೆ ಸೌಟು ಇಟ್ಟು, ದೊನ್ನೆ ತುಂಬಿ ತಿರುಗಿದರೆ ತೊಟ್ಟಿಯ ಹತ್ತಿರ ಯಾರೂ ಇಲ್ಲ. ಆವಿ ಮೂಸಿದ. ಸರಿಯೆನಿಸಿತು. ಇನ್ನೊಮ್ಮೆ ಮೂಸಿದ, ಸರಿಯಿಲ್ಲವೆನಿಸಿತು. ಒಂದು ಹಿಡಿ ಉಪ್ಪು ಹಾಕಿದ. ಹನ್ನೆರಡೂವರೆಗೆ ಮೊದಲ ಪಂಕ್ತಿಯಲ್ಲೇ ಮೂರು ಬಟ್ಟಲು ವಾಪಸು ಬಂದವು, ಉಪ್ಪಿನ ಗಣಿಯಾಗಿದೆ ಎಂಬ ಮಾತಿನೊಂದಿಗೆ. ಅಪ್ಪನಿಂದ ಬಂದ ಮೂಗು ಎಂದು ಅವನು ಬೀಗುತ್ತಿದ್ದದ್ದು ಎಷ್ಟರದ್ದೆಂದು ಆ ಮೂರು ಬಟ್ಟಲು ಹೇಳಿದವು.

ಮೂರು ಗಂಟೆಗೆ ಹೊರಟು ಅವಳ ಮನೆ ಹುಡುಕಿದ. ಹಳೆಯ ಸ್ಟುಡಿಯೋ ಒಡೆದು ಅಪಾರ್ಟ್‌ಮೆಂಟ್ ಎಬ್ಬಿಸಿದ್ದಾರಲ್ಲ, ಅದರ ಹಿಂಗೋಡೆಗೆ ಅಂಟಿಕೊಂಡ ಓಣಿ. ಅವನ ಮನೆಯಿಂದ ಹತ್ತು ನಿಮಿಷದ ದಾರಿ. ಇಪ್ಪತ್ತೆರಡು ವರ್ಷಗಳಲ್ಲಿ ಆ ಹತ್ತು ನಿಮಿಷ ನಡೆದಿರಲಿಲ್ಲ. ಒಂದೇ ಕೋಣೆ, ಚಾಪೆಯ ಮೇಲೆ ಗೋಡೆಗೆ ಒರಗಿ ಕೂತಿದ್ದಳು. ಮುಖ ಒಂದೇ ದಿನಕ್ಕೆ ಇಳಿದಿತ್ತು.

"ಈಗ ಹೇಗಿದ್ದೀರಿ?" ಎಂದು ಅವನ ಬಾಯಿಂದ ಬಂತು. ಅವಳನ್ನು ಅವನು ಯಾವತ್ತೂ ನೀನು ಎಂದೇ ಕರೆದವನು.

ಲೀಲಮ್ಮ ನಕ್ಕಳು. "ಎಂತ ಭಟ್ರೆ, ನಾನು ಸತ್ತೇ ಹೋಗ್ತೇನೆ ಅಂತ ಮಾಡಿದ್ರಾ, ಇಷ್ಟು ಮರ್ಯಾದೆ ಕೊಡ್ಲಿಕ್ಕೆ?"

ಅವನು ಬಾಗಿಲ ಹತ್ತಿರ ಸ್ಟೂಲಿನ ಮೇಲೆ ಕೂತ. ಅವಳು ನೀರು ಬೇಕೇ ಎಂದು ಕೇಳಲಿಲ್ಲ. ಕೇಳಿದರೆ ಅವನಿಗೆ ಬೇಡವೆನ್ನುವ ಕಷ್ಟ ಬರುತ್ತದೆಂದು ಅವಳಿಗೆ ಗೊತ್ತಿತ್ತು. ಆ ಕಷ್ಟವನ್ನೂ ಅವಳೇ ತಪ್ಪಿಸಿದಳು. ಅದು ವಿಷ್ಣುಮೂರ್ತಿಗೆ ಕೂತ ಮೇಲೆ ತಿಳಿಯಿತು, ತಿಳಿದ ಮೇಲೆ ಕೂತಿರುವುದು ಕಷ್ಟವಾಯಿತು.

"ಆಸ್ಪತ್ರೆಯಲ್ಲಿ ಡಾಕ್ಟ್ರಮ್ಮ ಕೇಳಿದ್ರು, ಎಂತ ತಿಂದದ್ದು ಅಂತ," ಎಂದಳು ಲೀಲಮ್ಮ. "ರಾಜ್ಮಾ ಅಂದೆ. ಹೇಗೆ ಬೇಯಿಸಿದ್ದು? ಕರೆಂಟ್ ಪಾತ್ರೆಯಲ್ಲಿ, ಕುದಿ ಬರದ ಹಾಗೆ ಅಂದೆ. ತಲೆ ಮೇಲೆ ಕೈ ಇಟ್ಕೊಂಡ್ರು. ಹಸಿ ರಾಜ್ಮಾದಲ್ಲಿ ನಂಜು ಇರ್ತದಂತೆ. ಹತ್ತು ನಿಮಿಷ ಕೊತಕೊತ ಕುದಿದ್ರೆ ಮಾತ್ರ ಹೋಗ್ತದಂತೆ. ಬರೀ ಬೆಚ್ಚಗೆ ಇಟ್ರೆ ಇನ್ನೂ ಜಾಸ್ತಿ ಆಗ್ತದಂತೆ."

"ಮೆತ್ತಗಾಗಿದ್ರೂ?"

"ಮೆತ್ತಗಾಗಿದ್ರೂ. ಅದಕ್ಕೇ ನಿಮ್ಮ ಬೆರಳಿಗೂ ಗೊತ್ತಾಗುದಿಲ್ಲ, ನನ್ನ ನಾಲಿಗೆಗೂ ಗೊತ್ತಾಗುದಿಲ್ಲ. ಹೊಟ್ಟೆಗೆ ಮಾತ್ರ ಗೊತ್ತಾಗುದು. ಅಷ್ಟೊತ್ತಿಗೆ ತಿಂದಾಗಿರ್ತದೆ."

ಆಮೇಲೆ ಅವಳು ಶನಿವಾರದ ಮಕ್ಕಳು ಎಷ್ಟು ದೊಡ್ಡವರೆಂದು ಕೇಳಿದಳು. ಐದನೆಯ ಕ್ಲಾಸಿನವರೆಗೆ ಎಂದ ಅವನು. ಅವಳು ತಲೆಯಾಡಿಸಿದಳು.

"ಕೊಡಬೇಡಿ ಭಟ್ರೆ. ಹೇಗಾದ್ರೂ ಮಾಡಿ, ಅದನ್ನು ಮಕ್ಕಳಿಗೆ ಕೊಡಬೇಡಿ. ನನ್ನ ಹೆಸರು ಮಾತ್ರ ತರಬೇಡಿ. ಹೋಟೆಲಿಗೆ ಹೆಸರು ಕೆಡಿಸಿದವಳು ಅಂತ ಆದ್ರೆ ನನ್ನನ್ನು ಯಾರು ಇಟ್ಕೊಳ್ತಾರೆ? ನಾಳೆ ಮಧ್ಯಾಹ್ನಕ್ಕೆ ಬರ್ತೇನೆ."

ಶನಿವಾರ ಬೆಳಿಗ್ಗೆ ಐದು ಗಂಟೆಗೆ ವಿಷ್ಣುಮೂರ್ತಿ ಹೋಟೆಲಿನ ಹಿಂಬಾಗಿಲು ತೆರೆದ. ನೆನೆದ ರಾಜ್ಮಾ ಮೂರು ಬೋಗುಣಿಯಲ್ಲಿತ್ತು. ಯಾರನ್ನೂ ಕೇಳಲಿಲ್ಲ. ಆ ನೀರು ಬಸಿದು, ದೊಡ್ಡ ಹಂಡೆಯಲ್ಲಿ ಹೊಸ ನೀರಿಟ್ಟು, ಕಾಳು ಸುರಿದು, ಉರಿ ಪೂರ್ತಿ ಏರಿಸಿದ. ಕುದಿ ಬಂತು. ನೊರೆ ಹಂಡೆಯ ಕಂಠದವರೆಗೆ ಎದ್ದು ಬೂದು ಬಣ್ಣದಲ್ಲಿ ಉಕ್ಕಿತು. ಅದನ್ನು ತೆಗೆತೆಗೆದು ಚೆಲ್ಲಿದ. ಎರಡು ದಿನದಿಂದ ಅವನೊಳಗೆ ಓಡಾಡುತ್ತಿದ್ದದ್ದು ಆ ಕುದಿಯ ಸದ್ದು ಕೇಳಿ ಸ್ವಲ್ಪ ಹೊತ್ತು ನಿಂತಿತು. ಹತ್ತು ನಿಮಿಷವಲ್ಲ, ಮುಕ್ಕಾಲು ಗಂಟೆ ಕುದಿಸಿದ. ನೀರೆಲ್ಲ ಬಸಿದು ಮೋರಿಗೆ ಬಿಟ್ಟ.

ಆರೂವರೆಗೆ ಅಪ್ಪ ಮಗಳು ಬಂದರು. ಹರ್ಷಿಣಿ ಬುಟ್ಟಿಯಲ್ಲಿ ಬಸಿದಿಟ್ಟ ಕಾಳು ನೋಡಿ ಒಂದನ್ನು ಎತ್ತಿ ಬೆಳಕಿಗೆ ಹಿಡಿದಳು. ಆಮೇಲೆ ಎಲ್ಲ ತಮಿಳಿನಲ್ಲಿ ಬಂತು: ಬಣ್ಣ ಹೋಯಿತು, ಬ್ಯಾನರ್ ಸುಳ್ಳಾಯಿತು, ನಾನು ಹೇಳಿದ್ದಕ್ಕೆ ಈ ಅಡುಗೆಮನೆಯಲ್ಲಿ ಬೆಲೆಯೇ ಇಲ್ಲ. ಇರಲಿ, ಫ್ರಿಜ್ಜಿನಲ್ಲಿ ಗುರುವಾರದ್ದು ಅರ್ಧ ಪಾತ್ರೆ ಇದೆ, ಅದನ್ನು ಮೂರಕ್ಕೂ ಹಂಚಿ ಬೆರೆಸಿದರೆ ರುಚಿಯಾದರೂ ಬರುತ್ತದೆ ಎಂದಳು.

ವಿಷ್ಣುಮೂರ್ತಿ ಫ್ರಿಜ್ಜಿನಿಂದ ಆ ಸ್ಟೀಲಿನ ಡಬ್ಬಿ ತೆಗೆದು ಮೇಜಿನ ಮೇಲಿಟ್ಟ. ಮುಚ್ಚಳದ ಮೇಲೆ ಕೈ ಇಟ್ಟುಕೊಂಡೇ ನಿಂತ.

"ಇದು ಮಕ್ಕಳಿಗೆ ಹೋಗುದಿಲ್ಲ ಧಣಿಗಳೇ. ಇದರಲ್ಲಿ ನಂಜುಂಟು."

ಭೋಜರಾಜ ಶೆಟ್ಟರು ಹಿಂಬಾಗಿಲ ಕಡೆ ನೋಡಿ ಧ್ವನಿ ತಗ್ಗಿಸಿದರು. "ಯಾರು ಹೇಳಿದ್ದು ನಿಮಗೆ?"

"ನಾನು ಹೇಳುದು."

"ನೀವು ತಿಂದಿದ್ದೀರಾ?"

ವಿಷ್ಣುಮೂರ್ತಿ ಡಬ್ಬಿಯನ್ನು ತನ್ನ ಕಡೆಗೆ ಎಳೆದುಕೊಂಡ. ತಿಂದವಳ ಹೆಸರು ಹೇಳುವ ಹಾಗಿಲ್ಲ. ತಾನು ತಿಂದಿಲ್ಲ; ಇದನ್ನೆಂದಲ್ಲ, ಯಾವುದನ್ನೂ. ಸ್ವಂತ ಅಡುಗೆಯ ಬಗ್ಗೆ ಸಾಕ್ಷಿ ಹೇಳಲಿಕ್ಕೆ ಅವನಿಗೆ ನಾಲಿಗೆಯೇ ಇರಲಿಲ್ಲ. ಅಷ್ಟು ವರ್ಷ ಹೆಮ್ಮೆಯೆಂದು ಹೊತ್ತುಕೊಂಡದ್ದು ಆ ಒಂದು ಪ್ರಶ್ನೆಯ ಮುಂದೆ ಏನೂ ಅಲ್ಲದ್ದಾಗಿ ನಿಂತಿತು.

"ತಿನ್ನದೆ ಹೇಗೆ ಹೇಳ್ತೀರಿ?" ಎಂದರು ಶೆಟ್ಟರು. "ಮೊನ್ನೆ ಮುಚ್ಚಳ ತೆಗೆದೂ ತೆಗೆದೂ ಹಾಳು ಮಾಡಿದ್ದು ನೀವೇ ಅಂತ ಇವಳು ಹೇಳ್ತಾಳೆ. ಈಗ ನಂಜು ಗಿಂಜು ಅಂತ ಮಾತು ಹೊರಗೆ ಹೋದ್ರೆ ಈ ಹೋಟೆಲಿನ ಗತಿ ಎಂತ? ನಿಮಗೆ ಆಗುದಿಲ್ಲ ಅಂತಾದ್ರೆ ಹೇಳಿ, ಮನೆಗೆ ಹೋಗಿ. ನಾಳೆಯಿಂದ ಬೇರೆಯವರನ್ನು ನೋಡ್ತೇನೆ."

"ತೆಗೆದದ್ದು ಹೌದು. ಹನ್ನೊಂದು ಸಲ," ಎಂದ ವಿಷ್ಣುಮೂರ್ತಿ. "ಅದು ನನ್ನ ತಪ್ಪು. ತೆಗೆಯದೆ ಇದ್ದಿದ್ರೂ ಇದು ಕುದೀತಿರ್ಲಿಲ್ಲ. ಅದು ಗೊತ್ತಿದ್ದೂ ಒಪ್ಪಿಕೊಂಡದ್ದು ಅದಕ್ಕಿಂತ ದೊಡ್ಡ ತಪ್ಪು."

ಹೇಳಿ, ಡಬ್ಬಿಯ ಮುಚ್ಚಳ ತೆಗೆದ. ತಣ್ಣಗೆ ಹೆಪ್ಪುಗಟ್ಟಿದ ಸಾಸಿನಿಂದ ಒಂದು ಸೌಟು ತುಂಬ ಕಾಳು ಎತ್ತಿ ಎಡಗೈ ಅಂಗೈಗೆ ಹಾಕಿಕೊಂಡ. ಬಲಗೈಯಿಂದ ತೆಗೆದು ಬಾಯಿಯ ಹತ್ತಿರ ತಂದ. ಬೆಳ್ಳುಳ್ಳಿಯ ವಾಸನೆ ಮೂಗಿಗೆ ಹೊಡೆಯಿತು. ಬಾಯಿ ತೆರೆದ.

ಭೋಜರಾಜ ಶೆಟ್ಟರು ಮೇಜು ಸುತ್ತಿ ಬಂದು ಅವನ ಮುಂಗೈ ಹಿಡಿದರು. "ಬೇಡ ಭಟ್ರೆ."

ಗುರುವಾರ ಸಂಜೆಯಿಂದ ಪಿತ್ತ, ಹಳಸಿದ್ದು ಎಂದು ಹೇಳಿಕೊಂಡು ಬಂದದ್ದೆಲ್ಲ ಆ ಒಂದು 'ಬೇಡ'ದಲ್ಲಿ ಬಯಲಾಗಿತ್ತು. ಕೆಟ್ಟದ್ದು ಈ ಕಾಳಿನಲ್ಲೇ ಎಂದು ಶೆಟ್ಟರಿಗೆ ಗೊತ್ತಿತ್ತು. ಮೊದಲಿನಿಂದಲೂ ಗೊತ್ತಿತ್ತು. ಭಟ್ಟರ ಬಾಯಿಗೆ ಹೋಗುವಾಗ ಕೈ ಹಿಡಿಯಬೇಕೆನಿಸಿದ್ದು ನೂರಿಪ್ಪತ್ತು ಮಕ್ಕಳ ಬಾಯಿಗೆ ಹೋಗುವಾಗ ಅನಿಸಿರಲಿಲ್ಲ. ಲೀಲಮ್ಮನ ಬಾಯಿಗೆ ಹೋಗುವಾಗಲಂತೂ ಯಾರ ಕೈಯೂ ಎದ್ದಿರಲಿಲ್ಲ. ಆ ದಿನ ಅಲ್ಲಿ ಇದ್ದದ್ದು ವಿಷ್ಣುಮೂರ್ತಿಯ ಕೈ; ಅದು ದೊನ್ನೆ ತುಂಬುತ್ತಿತ್ತು.

"ಚೆಲ್ಲಿ," ಎಂದರು ಶೆಟ್ಟರು, ಯಾರ ಮುಖವನ್ನೂ ನೋಡದೆ. ಹರ್ಷಿಣಿ ಡಬ್ಬಿಯನ್ನು ನೋಡುತ್ತಿದ್ದಳು. ತಾನು ತಿಂದದ್ದು ಬರೀ ಸಾಸು ಎಂಬುದು ಅವಳಿಗೆ ಆಗ ನೆನಪಾಯಿತೆಂದು ಕಾಣುತ್ತದೆ. ಮೆಲ್ಲಗೆ, ಲೀಲಾ ಆಂಟಿಗೆ ಅದುನಾಲದಾನಾ ಎಂದು ಕೇಳಿದಳು. ಅದರಿಂದಲೇ ಹಾಗಾದದ್ದೇ ಎಂದು ಅದರ ಅರ್ಥ; ವಿಷ್ಣುಮೂರ್ತಿ ಅಂಗೈಯ ಕಾಳನ್ನು ಡಬ್ಬಿಗೆ ಸುರಿದ. ಅವಳೇ ಡಬ್ಬಿ ಎತ್ತಿಕೊಂಡು ಹೋಗಿ ಮೋರಿಯ ಆಚೆ ಕಸದ ಚೀಲಕ್ಕೆ ಸುರಿದು ಗಂಟು ಹಾಕಿದಳು.

ಆಮೇಲೆ ಅಡುಗೆ ಅವನ ರೀತಿಯಲ್ಲಿ ನಡೆಯಿತು. ಈರುಳ್ಳಿ, ಬೆಳ್ಳುಳ್ಳಿಯನ್ನು ಎಣ್ಣೆಯಲ್ಲಿ ಕೆಂಪಗೆ ಹುರಿದ. ಟೊಮೆಟೊ ಸಾಸು, ಕರಿಬೆಲ್ಲ, ಸ್ವಲ್ಪವೇ ವಿನೆಗರ್, ಅರೆದ ಸಾಸಿವೆ, ಬ್ಯಾಡಗಿ ಮೆಣಸಿನ ಪುಡಿ ಹಾಕಿ ಬೇರೆಯೇ ಕುದಿಸಿದ. ಬೆಂದ ಕಾಳಿಗೆ ಅದನ್ನು ಬೆರೆಸಿ ಮೂರು ಪಿಂಗಾಣಿ ಪಾತ್ರೆಗೂ ತುಂಬಿ ಗುಂಡಿ ತಿರುಗಿಸಿದ. ಹೊಗೆಯ ಬಾಟ್ಲಿಯನ್ನು ಹರ್ಷಿಣಿಯೇ ಎತ್ತಿ ಪಕ್ಕಕ್ಕಿಟ್ಟಳು. ಈಗ ಆ ಪಾತ್ರೆಗಳಿಗಿದ್ದ ಕೆಲಸ ಬೇಯಿಸುವುದಲ್ಲ, ಬೆಂದದ್ದರೊಳಗೆ ಸಾಸು ಇಳಿಯುವವರೆಗೆ ಬೆಚ್ಚಗೆ ಕಾಯುವುದು. ಆ ಕೆಲಸಕ್ಕೆ ಅವು ಒಳ್ಳೆಯವೇ.

ಕಾಯಲು ಬಾರದವನು ಮನುಷ್ಯ. ಎಂಟಕ್ಕೆ ಕೈ ತಾನಾಗಿ ಮುಚ್ಚಳಕ್ಕೆ ಹೋಯಿತು. ವಿಷ್ಣುಮೂರ್ತಿ ಹೆಗಲ ಮೇಲಿನ ಬೈರಾಸು ತೆಗೆದು ಒಂದು ಪಾತ್ರೆಯ ಮುಚ್ಚಳದ ಮೇಲಿಂದ ಸುತ್ತಿ ಹಿಡಿಗಳಿಗೆ ಬಿಗಿದು ಗಂಟು ಹಾಕಿದ. ಉಳಿದೆರಡಕ್ಕೂ ಬಟ್ಟೆ ಹುಡುಕಿ ಕಟ್ಟಿದ. ಗಂಟು ಬಿಚ್ಚುವಷ್ಟರಲ್ಲಿ ಬುದ್ಧಿ ಬಂದೀತು ಎಂದು ಲೆಕ್ಕ. ಎರಡು ಸಲ ಗಂಟಿನವರೆಗೆ ಹೋಗಿ ವಾಪಸು ಬಂದ.

ಹನ್ನೆರಡೂವರೆಗೆ ಲೀಲಮ್ಮ ಬಂದಳು. ನಡಿಗೆ ಇನ್ನೂ ನಿಧಾನ. ಸೆರಗು ಸಿಕ್ಕಿಸಿ ತೊಟ್ಟಿಯ ಮುಂದೆ ನಿಂತು, ಕಟ್ಟು ಹಾಕಿದ ಪಾತ್ರೆಗಳನ್ನು ನೋಡಿ, ಇವಕ್ಕೂ ತಲೆನೋವಾ ಎಂದು ಕೇಳಿದಳು. ಶೆಟ್ಟರು ಅವಳನ್ನು ನೋಡಿ, ಹುಷಾರಾ ಎಂದರು. ಹುಷಾರು ಎಂದಳು. ಅಷ್ಟೇ. ಅದಕ್ಕಿಂತ ದೊಡ್ಡ ಮಾತು ಆ ಹೋಟೆಲಿನಲ್ಲಿ ಯಾರ ಬಾಯಿಂದಲೂ ಬರಲಿಲ್ಲ, ಬರುತ್ತದೆಂದು ಅವಳು ಕಾದೂ ಇರಲಿಲ್ಲ.

ಎರಡು ಗಂಟೆಗೆ ಗಂಟು ಬಿಚ್ಚಿದ. ತೆಂಗಿನ ಗೆರಟೆಯ ಕೆಂಡವನ್ನು ಪುಟ್ಟ ಬಟ್ಟಲಲ್ಲಿಟ್ಟು ಕಾಳಿನ ನಡುವೆ ಕೂರಿಸಿ, ಎರಡು ಹನಿ ತುಪ್ಪ ಬಿಟ್ಟು ಮುಚ್ಚಿದ. ಐದು ನಿಮಿಷಕ್ಕೆ ಹೊಗೆ ಒಳಗೆ ಇಳಿಯಿತು. ಮೂರಕ್ಕೂ ಹಾಗೇ ಮಾಡಿದ. ಕಾಳು ಹಿಸುಕಿದರೆ ಬೆಣ್ಣೆ. ಬೆಳ್ಳುಳ್ಳಿ ಬಿದ್ದದ್ದನ್ನು ದೇವರ ಪಟದ ಮುಂದೆ ಇಡುವಂತಿಲ್ಲ. ದೊನ್ನೆ ತೆಗೆದುಕೊಂಡು ಒಂದು ಸೌಟು ತುಂಬಿದ. ತೊಟ್ಟಿಯ ಕಡೆಯಿಂದ ಲೀಲಮ್ಮ ಕೈ ಒರೆಸಿಕೊಂಡು ಬಂದು ಅಭ್ಯಾಸದಂತೆ ಕೈ ನೀಡಿದಳು.

ವಿಷ್ಣುಮೂರ್ತಿ ದೊನ್ನೆ ಕೊಡಲಿಲ್ಲ. ಅದರಿಂದ ಮೂರು ಬೆರಳಲ್ಲಿ ಕಾಳು ತೆಗೆದು ಬಾಯಿಗೆ ಹಾಕಿಕೊಂಡ.

ಬೆಲ್ಲ ಮೊದಲು, ಆಮೇಲೆ ಖಾರ, ಕೊನೆಗೆ ಹೊಗೆ. ಬೆಳ್ಳುಳ್ಳಿ ಎಲ್ಲದರ ಹಿಂದೆ ಕಳ್ಳನ ಹಾಗೆ. ಅಗಿದು ನುಂಗಿದ. ಇನ್ನಷ್ಟು ತೆಗೆದ, ಅದನ್ನೂ ನುಂಗಿದ. ದೊನ್ನೆ ಮುಗಿಯುವವರೆಗೆ ಲೀಲಮ್ಮ ನೋಡುತ್ತ ನಿಂತಿದ್ದಳು. ಅಂದು ಅವನು ನಿಂತು ನೋಡಿದ ಹಾಗೆಯೇ.

"ಉಪ್ಪು ಕಡಿಮೆ ಆಯ್ತು," ಎಂದ.

ಅವಳು ಇನ್ನೊಂದು ದೊನ್ನೆಗೆ ತಾನೇ ಒಂದು ಚಮಚ ಹಾಕಿಕೊಂಡು, ತಿಂದು, ತಲೆ ಅಲ್ಲಾಡಿಸಿದಳು. "ಕಡಿಮೆ ಎಂತದ್ದೂ ಇಲ್ಲ. ಸರಿ ಉಂಟು. ನಿಮ್ಮ ನಾಲಿಗೆಗೆ ಅಭ್ಯಾಸ ಸಾಲದು. ಉಪ್ಪಿನ ಡಬ್ಬಿ ಅಲ್ಲೇ ಇಡಿ."

ಅವನು ಕೈ ತೊಳೆದ, ಬಾಯಿ ಮುಕ್ಕಳಿಸಿದ. ಹಿತ್ತಲ ನಲ್ಲಿಯ ಹತ್ತಿರ ಹೋಗಿ ತಲೆಗೆ ಎರಡು ಚೊಂಬು ನೀರು ಸುರಿದುಕೊಂಡು ಒದ್ದೆ ಪಂಚೆಯಲ್ಲೇ ಬಂದು ಸೌಟು ಹಿಡಿದ. ಇಷ್ಟು ವರ್ಷದ್ದು ಒಂದು ದೊನ್ನೆಯಲ್ಲಿ ಹೋಗುವುದಿಲ್ಲ. ಅದು ಅವನಿಗೂ ಗೊತ್ತಿತ್ತು.

ಮೂರು ಗಂಟೆಗೆ ಪಾತ್ರೆಗಳು ವ್ಯಾನ್ ಹತ್ತಿದವು. ಅಲ್ಲಿಂದ ಅವನ ಸಂಜೆ ಸಂಜೆಯಾಗಿರಲಿಲ್ಲ. ಐದಕ್ಕೆ ಮಕ್ಕಳು ತಿಂದಿರುತ್ತಾರೆ, ಏಳಕ್ಕೆ ಹೊಟ್ಟೆಗೆ ಗೊತ್ತಾಗುತ್ತದೆ. ತಾನೂ ತಿಂದಿದ್ದಾನೆ, ಲೀಲಮ್ಮನೂ ತಿಂದಿದ್ದಾಳೆ, ಇಬ್ಬರ ಹೊಟ್ಟೆಯೂ ಸುಮ್ಮನಿದೆ. ಆದರೂ ಗಲ್ಲಾದ ಮೇಲಿನ ಫೋನ್ ಬಡಿದಾಗಲೆಲ್ಲ ಕಾವಲಿಯ ಮೇಲಿನ ದೋಸೆ ವಾರೆಯಾಗುತ್ತಿತ್ತು. ಏಳೂವರೆಗೆ ಹರ್ಷಿಣಿ ಕಳಿಸಿದ ಫೋಟೋ ಬಂತು: ಗಲ್ಲದವರೆಗೆ ಸಾಸು ಬಳಿದುಕೊಂಡ ಎರಡು ಹುಡುಗಿಯರು, ಹಿಂದೆ ಬಳಿದು ಖಾಲಿ ಮಾಡಿದ ಪಾತ್ರೆ. ಎಂಟಕ್ಕೆ ಪಾತ್ರೆಗಳು ವಾಪಸು ಬಂದವು. ಬ್ಯಾನರೂ ಜೊತೆಗೆ ಬಂತು. ಎಂಟು ಗಂಟೆ ಎಂದಿದ್ದ ಕಡೆ ಯಾರೋ ಬಿಳಿ ಕಾಗದ ಅಂಟಿಸಿದ್ದರು. ಅವನು ಬ್ಯಾನರನ್ನು ಮಡಿಸಿ ಮೂಲೆಗಿಟ್ಟ.

ಭಾನುವಾರ ಬೆಳಿಗ್ಗೆ ಸಾಂಬಾರು ಇಳಿಯಿತು. ಪಟದ ಮುಂದೆ ಒಂದು ಸೌಟು. ತೊಟ್ಟಿಯ ಕಟ್ಟೆಯ ಮೇಲೆ ದೊನ್ನೆ ಎರಡಿದ್ದವು. ಲೀಲಮ್ಮ ಕೈ ತೊಳೆದು, ಸೀರೆಗೆ ಒರೆಸಿಕೊಂಡು ಬಂದಳು. ತನ್ನ ದೊನ್ನೆಯನ್ನು ಮುಟ್ಟಲಿಲ್ಲ.

"ಮೊದಲು ನೀವು," ಎಂದಳು.